ಮ್ಯಾನೇಜರೇ ನಿರ್ಮಾಪಕನಾದರೆ ಕಮಿಷನ್ ಯಾರಿಗೆ?

ಪ್ರಶ್ನೆ: ನನ್ನ ತಮ್ಮ ಚಿತ್ರನಟ. ಎರಡು ಚಿತ್ರಗಳಲ್ಲಿ ನಾಯಕನಾಗಿದ್ದಾನೆ. ಎರಡನೆಯದು ಪರವಾಗಿಲ್ಲ ಎನ್ನುವಷ್ಟು ಓಡಿತು. ನಾಲ್ಕು ವರ್ಷಗಳಿಂದ ಅವನ ಕಾಲ್‌ಶೀಟ್, ಸಂಭಾವನೆಯ ಮಾತುಕತೆ ಎಲ್ಲವನ್ನೂ ಒಬ್ಬ ಮ್ಯಾನೇಜರ್ ನೋಡಿಕೊಳ್ಳುತ್ತಾರೆ. ಅದಕ್ಕೆ ಶೇ 15ರಷ್ಟು ಕಮಿಷನ್. ಈಗ ಅವರೇ ನಿರ್ಮಾಪಕರಾಗಿ, ಇವನನ್ನೇ ನಾಯಕನನ್ನಾಗಿ ಹಾಕಿಕೊಂಡು ಚಿತ್ರ ತೆಗೆಯಲು ಹೊರಟಿದ್ದಾರೆ. ‘ನಮ್ಮದೇ ಪಿಕ್ಚರ್’ ಎಂದು ಸಂಭಾವನೆ ಇಳಿಸಿದ್ದಾರೆ. ಇಳಿಸಿದ ಸಂಭಾವನೆಯಲ್ಲಿಯೂ ಶೇ 15 ಹಿಡಿಯುತ್ತಾರಂತೆ. ಕೇಳಿದರೆ, ‘ಹಾಲಿವುಡ್‌ನಲ್ಲಿ ಚಾರ್ಲ್ಸ್ ಫೆಲ್ಡ್‌ಮನ್ ಏಜೆಂಟೂ ಆಗಿದ್ದ, ನಿರ್ಮಾಪಕನೂ ಆಗಿದ್ದ, ಯಾರೂ ತಪ್ಪು ಎನ್ನಲಿಲ್ಲ’ ಎನ್ನುತ್ತಾರೆ. ಇದು ಸರಿಯೇ? ತಮ್ಮನಿಗೆ ಅವರ ಮೇಲೆ ನಂಬಿಕೆ ಇದೆ, ಸಂಬಂಧ ಕೆಡಿಸಿಕೊಳ್ಳಲು ಇಷ್ಟವಿಲ್ಲ.

ಉತ್ತರ: ಮ್ಯಾನೇಜರ್ ಚಿತ್ರ ತೆಗೆಯಬಹುದೇ ಎಂದರೆ, ಧಾರಾಳವಾಗಿ ತೆಗೆಯಬಹುದು. ತಾನೇ ತೆಗೆಯುವ ಚಿತ್ರದಲ್ಲಿ ತಾನೇ ಕೊಡುವ ಸಂಭಾವನೆಯಿಂದ ಕಮಿಷನ್ ಹಿಡಿಯಬಹುದೇ ಎಂದರೆ, ಹಿಡಿಯಬಾರದು. ಮೊದಲನೆಯದಕ್ಕೆ ಒಪ್ಪಿ, ಎರಡನೆಯದಕ್ಕೆ ಒಪ್ಪದೆ, ಮುಖ ಮುರಿಯದೆ ಮುಂದೆ ಹೋಗುವುದು ಹೇಗೆಂಬುದನ್ನು ಕೊನೆಗೆ ಹೇಳುತ್ತೇನೆ.

ದನದ ಜಾತ್ರೆ ನೋಡಿದವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಟವೆಲಿನ ಅಡಿಯಲ್ಲಿ ಬೆರಳು ಹಿಡಿದು ಬೆಲೆ ಕುದುರಿಸುವ ದಲ್ಲಾಳಿಗೆ ಮಾರುವವನೂ ಕೊಡುತ್ತಾನೆ, ಕೊಳ್ಳುವವನೂ ಕೊಡುತ್ತಾನೆ. ಅದನ್ನು ಯಾರೂ ತಪ್ಪೆನ್ನುವುದಿಲ್ಲ. ಆದರೆ ದಲ್ಲಾಳಿಯೇ ಎತ್ತು ಕೊಳ್ಳಲು ನಿಂತರೆ ಟವೆಲಿನ ಅಡಿಯಲ್ಲಿರುವ ಎರಡೂ ಕೈ ಅವನವೇ. ಆಗಲೂ ಅವನಿಗೆ ದಲ್ಲಾಳಿ ಹಣ ಎಣಿಸಿ ಕೊಡುವ ರೈತನನ್ನು ನಾನು ಇನ್ನೂ ಕಂಡಿಲ್ಲ. ಸಿನಿಮಾ ನಟರಲ್ಲಿ ಕಂಡಿದ್ದೇನೆ.

ಇನ್ನು ಫೆಲ್ಡ್‌ಮನ್. ಮ್ಯಾನೇಜರ್ ಹೇಳಿದ್ದು ಸುಳ್ಳಲ್ಲ, ಆದರೆ ಅರ್ಧ ಕಥೆ. ಉಳಿದರ್ಧದಲ್ಲಿಯೇ ನಿಮ್ಮ ಪ್ರಶ್ನೆಗೆ ಉತ್ತರವಿರುವುದರಿಂದ ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಚಾರ್ಲ್ಸ್ ಕೆ. ಫೆಲ್ಡ್‌ಮನ್ ಮೂಲತಃ ವಕೀಲ. 1930ರ ದಶಕದ ಆರಂಭದಲ್ಲಿ ವಕೀಲಿಕೆಯಿಂದ ಏಜೆಂಟ್ ಕೆಲಸಕ್ಕೆ ಹೊರಳಿದ. ಅವನ ಸಂಸ್ಥೆಯ ಹೆಸರು ಫೇಮಸ್ ಆರ್ಟಿಸ್ಟ್ಸ್. ಐರೀನ್ ಡನ್, ಕ್ಲಾಡೆಟ್ ಕೋಲ್ಬರ್ಟ್, ಮಾರ್ಲೀನ್ ಡೀಟ್ರಿಕ್, ಜಾನ್ ವೇಯ್ನ್, ನಿರ್ದೇಶಕ ಹೋವರ್ಡ್ ಹಾಕ್ಸ್ ಇವರೆಲ್ಲ ಅವನ ಕಕ್ಷಿದಾರರು. ಆ ಕಾಲದಲ್ಲಿ ಸ್ಟುಡಿಯೊಗಳು ನಟರನ್ನು ಏಳು ವರ್ಷಗಳ ಕರಾರಿನಲ್ಲಿ ಕಟ್ಟಿಹಾಕುತ್ತಿದ್ದವು. ಪಾತ್ರ ಬೇಡವೆಂದರೆ ಸಂಬಳವಿಲ್ಲದೆ ಮನೆಯಲ್ಲಿ ಕೂರಿಸುತ್ತಿದ್ದವು, ಕೂರಿಸಿದ ದಿನಗಳನ್ನು ಕರಾರಿನ ಕೊನೆಗೆ ಸೇರಿಸುತ್ತಿದ್ದವು. ಒಲಿವಿಯಾ ಡಿ ಹ್ಯಾವಿಲ್ಯಾಂಡ್ ಕೋರ್ಟಿಗೆ ಹೋಗಿ 1944ರ ಡಿಸೆಂಬರ್‌ನಲ್ಲಿ ಮೇಲ್ಮನವಿ ನ್ಯಾಯಾಲಯದಲ್ಲಿಯೂ ಗೆದ್ದ ಮೇಲೆಯೇ ಆ ಹಗ್ಗ ಸಡಿಲವಾದದ್ದು. ಫೆಲ್ಡ್‌ಮನ್ ಕೋರ್ಟಿನ ದಾರಿ ಹಿಡಿಯಲಿಲ್ಲ. ತನ್ನ ದೊಡ್ಡ ತಾರೆಯರಿಗೆ ಒಂದೇ ಸ್ಟುಡಿಯೊದ ದೀರ್ಘ ಕರಾರಿನ ಬದಲು ಎರಡು ಮೂರು ಸ್ಟುಡಿಯೊಗಳೊಂದಿಗೆ ಸಣ್ಣ ಸಣ್ಣ ಕರಾರುಗಳನ್ನು ಮಾಡಿಸಿದ. ನನ್ನ ಲೆಕ್ಕದಲ್ಲಿ ಅವನ ಬದುಕಿನ ಅತ್ಯುತ್ತಮ ಕೆಲಸ ಇದೇ. ಆಗ ಅವನು ಬರೀ ಏಜೆಂಟ್ ಆಗಿದ್ದ ಎನ್ನುವುದನ್ನು ನೆನಪಿಟ್ಟುಕೊಳ್ಳಿ.

ಮುಂದಿನ ಹೆಜ್ಜೆ ಸಹಜವಾಗಿಯೇ ಬಂತು. ನಟಿ ನನ್ನವಳು, ನಟ ನನ್ನವನು, ಕಥೆಯ ಹಕ್ಕನ್ನೂ ನಾನೇ ಕೊಂಡರೆ ಸ್ಟುಡಿಯೊಗೆ ಇಡೀ ಊಟವನ್ನೇ ಬಡಿಸಬಹುದಲ್ಲ! ಹಾಲಿವುಡ್ ಇದಕ್ಕೆ ಪ್ಯಾಕೇಜ್ ಎಂದು ಹೆಸರಿಟ್ಟಿತು. 1942ರಲ್ಲಿ ಡೀಟ್ರಿಕ್ ಮತ್ತು ವೇಯ್ನ್ ಜೋಡಿಯನ್ನು ಯೂನಿವರ್ಸಲ್‌ಗಾಗಿ ಒಂದೇ ವರ್ಷದಲ್ಲಿ ಎರಡು ಚಿತ್ರಗಳಲ್ಲಿ ಕೂಡಿಸಿದ. ಅಲ್ಲಿಂದ ಏಜೆಂಟ್ ಎಲ್ಲಿ ಮುಗಿದ, ನಿರ್ಮಾಪಕ ಎಲ್ಲಿ ಶುರುವಾದ ಎಂದು ಗೆರೆ ಎಳೆಯುವುದು ಕಷ್ಟ.

ಅವನು ಏಜೆಂಟ್ ಆಗಿ ಎಷ್ಟು ಚುರುಕು ಎನ್ನುವುದಕ್ಕೆ ಒಂದು ಪತ್ರವನ್ನು ನೋಡಿದರೆ ಸಾಕು. 1945ರ ನವೆಂಬರ್ 16ರಂದು ಅವನು ವಾರ್ನರ್ ಬ್ರದರ್ಸ್‌ನ ಮುಖ್ಯಸ್ಥ ಜ್ಯಾಕ್ ವಾರ್ನರ್‌ಗೆ ಬರೆದದ್ದು. ವಿಷಯ ಲಾರೆನ್ ಬಕಾಲ್. ಮೊದಲ ಚಿತ್ರದಲ್ಲಿ ಹಂಫ್ರಿ ಬೊಗಾರ್ಟ್ ಎದುರು ಮಿಂಚಿದ ಹುಡುಗಿ, ಆಗಷ್ಟೇ ತೆರೆಕಂಡಿದ್ದ ಇನ್ನೊಂದು ಚಿತ್ರದಲ್ಲಿ ವಿಮರ್ಶಕರಿಂದ ಚೆನ್ನಾಗಿ ಬೈಸಿಕೊಂಡಿದ್ದಳು. ಹಾಕ್ಸ್ ನಿರ್ದೇಶನದ ‘ದ ಬಿಗ್ ಸ್ಲೀಪ್’ ಚಿತ್ರೀಕರಣ ಮುಗಿದು ಡಬ್ಬಿಯಲ್ಲಿತ್ತು. ಫೆಲ್ಡ್‌ಮನ್ ವಾರ್ನರ್‌ನನ್ನು ಕೇಳಿಕೊಂಡದ್ದು ಇಷ್ಟು: ಈ ಚಿತ್ರಕ್ಕೆ ಬಕಾಲ್ ಮತ್ತು ಬೊಗಾರ್ಟ್ ನಡುವಿನ ಮೂರು ನಾಲ್ಕು ಹೊಸ ದೃಶ್ಯಗಳನ್ನು ಸೇರಿಸಿ, ಮೊದಲ ಚಿತ್ರದ ಆ ಉದ್ಧಟತನ, ಆ ಕೆಣಕುವ ಮಾತು ಬರಲಿ, ಮುಖಕ್ಕೆ ಪರದೆ ಹಾಕಿಕೊಂಡ ಒಂದು ದೃಶ್ಯವಿದೆ, ಅದನ್ನು ತೆಗೆದು ಬೇರೆ ಮಾಡಿ. ಹಾಗೆಯೇ ಬಿಟ್ಟರೆ ಇನ್ನೊಮ್ಮೆ ಬೈಗುಳ ತಪ್ಪದು, ನಿಮ್ಮ ಆಸ್ತಿಯೊಂದು ಕೈತಪ್ಪುತ್ತದೆ ಎನ್ನುವುದು ವಾದದ ತಿರುಳು. ನಟಿಯ ಕಷ್ಟವನ್ನು ಸ್ಟುಡಿಯೊದ ನಷ್ಟವಾಗಿ ತಿರುಗಿಸಿ ತೋರಿಸಿದ ರೀತಿ ನೋಡಿ.

ವಾರ್ನರ್ ಒಪ್ಪಿದ. 1946ರ ಜನವರಿಯಲ್ಲಿ ಮರುಚಿತ್ರೀಕರಣವಾಯಿತು. ಕುದುರೆ ಜೂಜಿನ ನೆಪದಲ್ಲಿ ಇಬ್ಬರೂ ಬೇರೇನನ್ನೋ ಮಾತನಾಡುವ ಪ್ರಸಿದ್ಧ ದೃಶ್ಯ ಹುಟ್ಟಿದ್ದು ಆಗಲೇ. ಆಗಸ್ಟ್‌ನಲ್ಲಿ ಚಿತ್ರ ಬಿಡುಗಡೆಯಾಯಿತು, ಬಕಾಲ್ ಉಳಿದಳು. ಕೊಲೆಗಾರ ಯಾರು ಎಂದು ತಿಳಿಸುವ ಕೆಲವು ವಿವರಣೆಯ ದೃಶ್ಯಗಳು ಈ ಗಡಿಬಿಡಿಯಲ್ಲಿ ಕತ್ತರಿಗೆ ಸಿಕ್ಕವು. ಇಂದಿಗೂ ಆ ಚಿತ್ರದ ಕಥೆ ಅರ್ಥವಾಗುವುದಿಲ್ಲ ಎಂದು ಜನ ನಗುತ್ತಾರೆ, ಆದರೂ ಮತ್ತೆ ಮತ್ತೆ ನೋಡುತ್ತಾರೆ. ಒಬ್ಬ ಏಜೆಂಟ್ ತನ್ನ ನಟಿಗಾಗಿ ಬೇರೊಬ್ಬರ ಹಣದಲ್ಲಿ ಮಾಡಿಸಿದ ಕೆಲಸ ಇದು. ಆ ಮರುಚಿತ್ರೀಕರಣದ ಖರ್ಚು ಫೆಲ್ಡ್‌ಮನ್‌ನ ಸ್ವಂತ ಜೇಬಿನಿಂದ ಹೋಗಬೇಕಿದ್ದರೆ ಆ ಪತ್ರ ಬರೆಯುತ್ತಿದ್ದನೇ? ನನಗೆ ಅನುಮಾನ.

ಈಗ ಎದುರಿನ ದಡಕ್ಕೆ ಬರೋಣ. 1951ರ ‘ಎ ಸ್ಟ್ರೀಟ್‌ಕಾರ್ ನೇಮ್ಡ್ ಡಿಸೈರ್’ ಫೆಲ್ಡ್‌ಮನ್ ನಿರ್ಮಾಣ. ನಾಲ್ಕು ಆಸ್ಕರ್ ಪಡೆಯಿತು. ನಿರ್ಮಾಪಕನಾಗಿ ಅವನ ದೊಡ್ಡ ಗೆಲುವು. ಅದರ ನಾಯಕ ಮರ್ಲನ್ ಬ್ರ್ಯಾಂಡೊ ಅವನ ಕಕ್ಷಿದಾರನಲ್ಲ, ಪ್ರತಿಸ್ಪರ್ಧಿ ಸಂಸ್ಥೆ ಎಂಸಿಎ ಕಡೆಯವನು. ಅಂದರೆ ಬ್ರ್ಯಾಂಡೊ ಪರ ಮಾತನಾಡಲು ಮೇಜಿನ ಆಚೆ ಬೇರೆ ಮನುಷ್ಯನಿದ್ದ. ಲೆಕ್ಕ ಚೊಕ್ಕ.

ಆದರೆ 1955ರ ‘ದ ಸೆವೆನ್ ಇಯರ್ ಇಚ್’ ಹಾಗಲ್ಲ. ನಿರ್ದೇಶಕ ಬಿಲ್ಲಿ ವೈಲ್ಡರ್ ಜೊತೆ ಫೆಲ್ಡ್‌ಮನ್ ಅದರ ಸಹ ನಿರ್ಮಾಪಕ. ನಾಯಕಿ ಮರಿಲಿನ್ ಮನ್ರೊ ಅವನದೇ ಕಕ್ಷಿದಾರಳು. ಆಕೆ ಫಾಕ್ಸ್ ಸ್ಟುಡಿಯೊದ ಹಳೆಯ ಕರಾರಿನ ವಾರದ ಸಂಬಳಕ್ಕೆ ನಟಿಸುತ್ತಿದ್ದಳು. ಆಕೆಯ ಏಜೆಂಟ್ ಅದೇ ಚಿತ್ರದಲ್ಲಿ ನಿರ್ಮಾಪಕನ ಕುರ್ಚಿಯಲ್ಲಿದ್ದ. 1954ರ ನವೆಂಬರ್‌ನಲ್ಲಿ ಚಿತ್ರೀಕರಣ ಮುಗಿದಾಗ ಫೆಲ್ಡ್‌ಮನ್ ಬೆವರ್ಲಿ ಹಿಲ್ಸ್‌ನ ರೊಮನಾಫ್ಸ್ ಹೋಟೆಲಿನಲ್ಲಿ ಅವಳ ಗೌರವಾರ್ಥ ಔತಣ ಕೊಟ್ಟ. ಕ್ಲಾರ್ಕ್ ಗೇಬಲ್, ಬೊಗಾರ್ಟ್, ಬಕಾಲ್, ಗ್ಯಾರಿ ಕೂಪರ್, ಸ್ಟುಡಿಯೊ ದೊರೆಗಳಾದ ವಾರ್ನರ್, ಜ್ಯಾನಕ್, ಗೋಲ್ಡ್‌ವಿನ್, ಎಲ್ಲರೂ ಬಂದಿದ್ದರು. ಅಷ್ಟು ದಿನ ಅವಳನ್ನು ಒಳಗೆ ಸೇರಿಸಿಕೊಳ್ಳದ ಹಾಲಿವುಡ್ ಅಂದು ಅವಳಿಗಾಗಿ ಕೋಟು ಹಾಕಿಕೊಂಡು ಬಂದಿತ್ತು. ಗೇಬಲ್ ಜೊತೆ ಅವಳು ನೃತ್ಯವಾಡಿದಳು.

ಮುಂದಿನ ತಿಂಗಳು ಅವಳು ಸದ್ದಿಲ್ಲದೆ ನ್ಯೂಯಾರ್ಕಿಗೆ ಹೊರಟುಹೋದಳು. 1955ರ ಜನವರಿಯಲ್ಲಿ ಛಾಯಾಗ್ರಾಹಕ ಮಿಲ್ಟನ್ ಗ್ರೀನ್ ಜೊತೆ ಸೇರಿ ತನ್ನದೇ ನಿರ್ಮಾಣ ಸಂಸ್ಥೆಯನ್ನು ಘೋಷಿಸಿದಳು. ಫೆಲ್ಡ್‌ಮನ್‌ನನ್ನು ಬಿಟ್ಟು ಎಂಸಿಎ ಸೇರಿದಳು. ಒಂದು ವರ್ಷ ಕಾಯಿಸಿ, ಫಾಕ್ಸ್‌ನಿಂದ ಚಿತ್ರಕ್ಕೆ ಒಂದು ಲಕ್ಷ ಡಾಲರ್ ಮತ್ತು ನಿರ್ದೇಶಕನನ್ನು ಒಪ್ಪುವ ಬಿಡುವ ಹಕ್ಕು ಸೇರಿದ ಹೊಸ ಕರಾರು ಪಡೆದಳು. ಇಂಥ ಕರಾರಿಗಾಗಿ ಸ್ಟುಡಿಯೊ ಜೊತೆ ಕಾದಾಡಬೇಕಾದವನು ಯಾರು? ಅವಳ ಏಜೆಂಟ್. ಆದರೆ ಆ ಏಜೆಂಟ್ ಅದೇ ಸ್ಟುಡಿಯೊದ ಹಣದಲ್ಲಿ ಚಿತ್ರ ತೆಗೆಯುತ್ತಿದ್ದ. ಅವನು ಕೆಟ್ಟವನಾಗಿದ್ದ ಎಂದು ನಾನು ಹೇಳುತ್ತಿಲ್ಲ. ಅವನ ಔತಣದ ಪ್ರೀತಿ ನಟನೆಯೂ ಆಗಿರಲಿಕ್ಕಿಲ್ಲ. ಅಕ್ಕಿಯ ಮೇಲೂ ಆಸೆ, ನೆಂಟರ ಮೇಲೂ ಪ್ರೀತಿ, ಅಷ್ಟೇ.

ಇದು ಒಂದೇ ಸಲ ಆದದ್ದಾಗಿದ್ದರೆ ನಾನು ಇಷ್ಟು ಬರೆಯುತ್ತಿರಲಿಲ್ಲ. ಫೆಲ್ಡ್‌ಮನ್ 1962ರಲ್ಲಿ ಏಜೆನ್ಸಿಯನ್ನು ಮಾರಿ ಪೂರ್ತಿ ನಿರ್ಮಾಪಕನಾದ. ‘ವಾಟ್ಸ್ ನ್ಯೂ ಪುಸಿಕ್ಯಾಟ್’ ಚಿತ್ರವನ್ನು ತನ್ನ ಆಪ್ತ ಗೆಳೆಯ ವಾರೆನ್ ಬೀಟಿಗಾಗಿಯೇ ಶುರುಮಾಡಿದ. ಶೀರ್ಷಿಕೆಯೂ ಬೀಟಿ ಫೋನಿನಲ್ಲಿ ಹುಡುಗಿಯರನ್ನು ವಿಚಾರಿಸುತ್ತಿದ್ದ ಮಾತಿನಿಂದಲೇ ಬಂದದ್ದು. ನ್ಯೂಯಾರ್ಕಿನ ಕ್ಲಬ್ಬಿನಲ್ಲಿ ನಗಿಸುತ್ತಿದ್ದ ವುಡಿ ಆಲನ್‌ನನ್ನು ಕರೆತಂದು ಚಿತ್ರಕಥೆ ಬರೆಸಿದ. ಕಥೆ ಬರೆದಂತೆಲ್ಲ ಆಲನ್‌ನ ಪಾತ್ರ ಬೆಳೆಯಿತು, ಬೀಟಿಯದು ಕುಗ್ಗಿತು. ಫೆಲ್ಡ್‌ಮನ್ ತನ್ನ ಸಂಗಾತಿ ಕ್ಯಾಪುಸೀನ್‌ಗೂ ಪಾತ್ರ ಬೇಕೆಂದ. ಬೀಟಿ ಹೊರನಡೆದ, ಪೀಟರ್ ಓಟೂಲ್ ಬಂದ. 1965ರಲ್ಲಿ ಚಿತ್ರ ಚೆನ್ನಾಗಿಯೇ ಹಣ ಮಾಡಿತು. ಆದರೆ ಬೀಟಿ ಎರಡು ವರ್ಷಗಳಲ್ಲಿ ‘ಬಾನಿ ಆ್ಯಂಡ್ ಕ್ಲೈಡ್’ ಚಿತ್ರದ ನಿರ್ಮಾಪಕ ತಾನೇ ಆದ. ತನ್ನ ಬರವಣಿಗೆ ತೆರೆಯ ಮೇಲೆ ಬಂದ ರೀತಿ ನೋಡಿ ಬೇಸತ್ತ ಆಲನ್, ಇನ್ನು ಮುಂದೆ ತನ್ನ ಚಿತ್ರದ ಹಿಡಿತ ತನ್ನ ಕೈಯಲ್ಲೇ ಇರಬೇಕೆಂದು ತೀರ್ಮಾನಿಸಿದ.

ಮನ್ರೊ, ಬೀಟಿ, ಆಲನ್. ಫೆಲ್ಡ್‌ಮನ್ ಮೇಜಿನಲ್ಲಿ ಉಂಡೆದ್ದ ಮೂವರೂ ಕೈ ತೊಳೆದ ಮೇಲೆ ಮಾಡಿದ್ದು ಒಂದೇ ಕೆಲಸ: ಮುಂದಿನ ಸಲ ತಾವೇ ಬಡಿಸುವ ಜಾಗದಲ್ಲಿ ನಿಂತದ್ದು. ನಿಮ್ಮ ತಮ್ಮನ ಮ್ಯಾನೇಜರ್ ಫೆಲ್ಡ್‌ಮನ್ ಹೆಸರು ತೆಗೆದರೆ, ಈ ಮೂರು ಹೆಸರುಗಳನ್ನೂ ಜೊತೆಗೆ ಹೇಳಿ.

ಪ್ರಸಂಗವಶಾತ್ ಇನ್ನೊಂದು ಹೆಸರೂ ಇದೆ. ಫೇಮಸ್ ಆರ್ಟಿಸ್ಟ್ಸ್‌ನಲ್ಲಿ ಫೆಲ್ಡ್‌ಮನ್ ಕೈಕೆಳಗೆ ಏಜೆಂಟ್ ಆಗಿ ಪಳಗಿದ ಆಲ್ಬರ್ಟ್ ಬ್ರೊಕೊಲಿ ಮುಂದೆ ಜೇಮ್ಸ್ ಬಾಂಡ್ ಚಿತ್ರಗಳ ನಿರ್ಮಾಪಕನಾದ. ‘ಕ್ಯಾಸಿನೊ ರಾಯಲ್’ ಕಾದಂಬರಿಯ ಹಕ್ಕು ಮಾತ್ರ ಹಳೆಯ ಯಜಮಾನನ ಬಳಿ ಉಳಿದಿತ್ತು. ಇಬ್ಬರಿಗೂ ಹೊಂದಾಣಿಕೆಯಾಗಲಿಲ್ಲ. ಫೆಲ್ಡ್‌ಮನ್ ಹಟ ಹಿಡಿದು ಐದು ನಿರ್ದೇಶಕರಿಂದ ಅದನ್ನೊಂದು ವಿಡಂಬನೆಯಾಗಿ ತೆಗೆಸಿದ. ಪೀಟರ್ ಸೆಲರ್ಸ್ ಮತ್ತು ಆರ್ಸನ್ ವೆಲ್ಸ್ ಒಬ್ಬರನ್ನೊಬ್ಬರು ಸಹಿಸದೆ, ಸೆಲರ್ಸ್ ಅರ್ಧಕ್ಕೇ ಹೋಗಿ, ಉಳಿದದ್ದನ್ನು ಹೊಲಿದು ಜೋಡಿಸಬೇಕಾಯಿತು. 1967ರಲ್ಲಿ ಬಂದ ಆ ಚಿತ್ರಕ್ಕೆ ತಲೆಯೂ ಇಲ್ಲ, ಬಾಲವೂ ಇಲ್ಲ, ಹಣವಂತೂ ಬಂತು. ಮರುವರ್ಷ ಫೆಲ್ಡ್‌ಮನ್ ತೀರಿಕೊಂಡ. ನಟನ ಅಹಂಕಾರವನ್ನು ಸಂಭಾಳಿಸುವುದರಲ್ಲಿ ಅವನನ್ನು ಮೀರಿಸಿದ ಏಜೆಂಟ್ ಇರಲಿಲ್ಲ. ಆದರೆ ಖರ್ಚು ತನ್ನದಾದಾಗ ಅದೇ ಅಹಂಕಾರ ಎಷ್ಟು ದುಬಾರಿ ಎಂದು ಅವನು ಕೊನೆಯಲ್ಲಿ ಕಲಿತಿರಬೇಕು.

‘ಯಾರೂ ತಪ್ಪು ಎನ್ನಲಿಲ್ಲ’ ಎಂಬ ಮಾತೂ ನಿಲ್ಲುವುದಿಲ್ಲ. ಅಮೆರಿಕದಲ್ಲಿ ಈ ಜಗಳ ಎಪ್ಪತ್ತು ವರ್ಷ ನಡೆದಿದೆ. 1952ರಲ್ಲಿ ನಟರ ಸಂಘ, ಆಗ ಅದರ ಅಧ್ಯಕ್ಷ ರೊನಾಲ್ಡ್ ರೇಗನ್, ಎಂಸಿಎ ಎಂಬ ಏಜೆನ್ಸಿಗೆ ಟಿವಿ ಕಾರ್ಯಕ್ರಮಗಳನ್ನು ತಯಾರಿಸಲು ವಿಶೇಷ ವಿನಾಯಿತಿ ಕೊಟ್ಟಿತು. ಹತ್ತು ವರ್ಷಗಳಲ್ಲಿ ಅದು ಎಷ್ಟು ಬೆಳೆಯಿತೆಂದರೆ 1962ರಲ್ಲಿ ನ್ಯಾಯಾಂಗ ಇಲಾಖೆ ಮೊಕದ್ದಮೆ ಹೂಡಿ, ಏಜೆನ್ಸಿ ಅಥವಾ ನಿರ್ಮಾಣ ಒಂದನ್ನು ಬಿಡು ಎಂದಿತು. ಎಂಸಿಎ ಏಜೆನ್ಸಿಯನ್ನು ಬಿಟ್ಟು ಯೂನಿವರ್ಸಲ್ ಸ್ಟುಡಿಯೊ ಇಟ್ಟುಕೊಂಡಿತು. ಎತ್ತು ಯಾವುದು, ದಲ್ಲಾಳಿ ಹಣ ಯಾವುದು ಎಂದು ಅದಕ್ಕೆ ಗೊತ್ತಿತ್ತು. ಮತ್ತೆ 2019ರಲ್ಲಿ ಅಲ್ಲಿನ ಬರಹಗಾರರ ಸಂಘದ ಏಳು ಸಾವಿರಕ್ಕೂ ಹೆಚ್ಚು ಸದಸ್ಯರು ಇದೇ ಕಾರಣಕ್ಕೆ ತಮ್ಮ ಏಜೆಂಟರನ್ನು ಒಟ್ಟಾಗಿ ಕೈಬಿಟ್ಟರು. ಕೊನೆಗೆ 2022ರ ಜೂನ್ ಹೊತ್ತಿಗೆ ಪ್ಯಾಕೇಜ್ ಶುಲ್ಕ (ಪ್ಯಾಕೇಜ್ ಕಟ್ಟಿಕೊಟ್ಟದ್ದಕ್ಕೆ ಏಜೆನ್ಸಿ ಸ್ಟುಡಿಯೊದಿಂದ ಪಡೆಯುತ್ತಿದ್ದ ಹಣ) ನಿಲ್ಲಿಸಲು, ನಿರ್ಮಾಣ ಸಂಸ್ಥೆಗಳಲ್ಲಿ ಏಜೆನ್ಸಿಯ ಪಾಲು ಶೇ 20 ಮೀರದಂತೆ ನೋಡಿಕೊಳ್ಳಲು ದೊಡ್ಡ ಏಜೆನ್ಸಿಗಳು ಒಪ್ಪಿದವು. ಪ್ಯಾಕೇಜ್ ಶುಲ್ಕ ನಡೆಯುತ್ತಿದ್ದ ಕಾಲದಲ್ಲಿಯೂ, ಆ ಶುಲ್ಕ ಪಡೆದ ಕಾರ್ಯಕ್ರಮದಲ್ಲಿ ಕಕ್ಷಿದಾರನ ಶೇ 10 ಕಮಿಷನ್ ಹಿಡಿಯುತ್ತಿರಲಿಲ್ಲ. ಅಲ್ಲಿನ ಮ್ಯಾನೇಜರುಗಳೂ ತಾವೇ ನಿರ್ಮಾಪಕರಾಗಿ ಹಣ ಪಡೆದಾಗ ಕಮಿಷನ್ ಬಿಡುವುದು ವಾಡಿಕೆ. ನಿಮ್ಮ ಮ್ಯಾನೇಜರ್ ಹಾಲಿವುಡ್‌ನಿಂದ ತರಬೇಕಾದದ್ದು ಈ ವಾಡಿಕೆಯನ್ನು.

ನಮ್ಮಲ್ಲಿ ಈ ಎರಡು ಕೆಲಸಗಳು ಒಂದಾದದ್ದು ಹೆಚ್ಚಾಗಿ ಮನೆಯೊಳಗೆ. ಡಾ. ರಾಜ್‌ಕುಮಾರ್ ಅವರ ಕಾಲ್‌ಶೀಟ್ ನೋಡಿಕೊಳ್ಳುತ್ತಿದ್ದ ಪಾರ್ವತಮ್ಮನವರೇ ಎಪ್ಪತ್ತರ ದಶಕದಿಂದ ದೊಡ್ಡ ನಿರ್ಮಾಪಕಿಯೂ ಆದರು. ಅಲ್ಲಿ ಎರಡು ಜೇಬು ಇರಲಿಲ್ಲ. ಬಂದದ್ದೆಲ್ಲ ಒಂದೇ ಅಡುಗೆಮನೆಗೆ. ನಿಮ್ಮ ಮ್ಯಾನೇಜರ್ ಎಷ್ಟೇ ಆಪ್ತರಾದರೂ ಅವರ ಅಡುಗೆಮನೆ ಬೇರೆ. ‘ನಮ್ಮದೇ ಪಿಕ್ಚರ್’ ಎಂದಾಗ, ಲಾಭದಲ್ಲಿಯೂ ‘ನಮ್ಮದೇ’ ಎಂದು ಬರೆದಿದೆಯೇ ಎಂದು ಕೇಳಬೇಕು.

ಭಾರತದಲ್ಲಿ ನಟರ ಏಜೆಂಟರಿಗೆ ಕ್ಯಾಲಿಫೋರ್ನಿಯಾದಂತೆ ಪ್ರತ್ಯೇಕ ಲೈಸೆನ್ಸ್ ಕಾನೂನಿಲ್ಲ. ಹಾಗೆಂದು ಕಾನೂನೇ ಇಲ್ಲ ಎಂದಲ್ಲ. 1872ರ ಭಾರತೀಯ ಕರಾರು ಕಾಯ್ದೆ ಎತ್ತಿನ ದಲ್ಲಾಳಿಗೂ ನಟನ ಮ್ಯಾನೇಜರಿಗೂ ಒಂದೇ. ಅದರ 215ನೇ ಕಲಮಿನ ಪ್ರಕಾರ, ಏಜೆಂಟ್ ತನ್ನ ಸ್ವಂತ ಲೆಕ್ಕದಲ್ಲಿ ವ್ಯವಹರಿಸುವುದಾದರೆ ಯಜಮಾನನಿಗೆ (ಇಲ್ಲಿ ಯಜಮಾನ ನಿಮ್ಮ ತಮ್ಮ, ಇದನ್ನು ನಟರು ಮರೆಯುತ್ತಾರೆ) ಗೊತ್ತಿರುವ ಮುಖ್ಯ ಸಂಗತಿಗಳನ್ನೆಲ್ಲ ತಿಳಿಸಿ ಮೊದಲೇ ಒಪ್ಪಿಗೆ ಪಡೆಯಬೇಕು. ಒಪ್ಪಿಗೆ ಪಡೆಯದೆ, ಮುಖ್ಯ ವಿಷಯವನ್ನು ಅಪ್ರಾಮಾಣಿಕವಾಗಿ ಬಚ್ಚಿಟ್ಟಿದ್ದರೆ ಅಥವಾ ವ್ಯವಹಾರ ಯಜಮಾನನಿಗೆ ನಷ್ಟದ್ದಾಗಿದ್ದರೆ, ಅವನು ಅದನ್ನು ತಳ್ಳಿಹಾಕಬಹುದು. 216ನೇ ಕಲಮು ಇನ್ನೂ ಒಂದು ಹೆಜ್ಜೆ ಮುಂದೆ: ಯಜಮಾನನಿಗೆ ಗೊತ್ತಿಲ್ಲದಂತೆ ಏಜೆಂಟ್ ಅವನ ವ್ಯವಹಾರವನ್ನು ತನ್ನದಾಗಿ ಮಾಡಿಕೊಂಡರೆ ಬಂದ ಲಾಭವನ್ನು ಯಜಮಾನ ಕೇಳಬಹುದು. ಕೇಳಿದಾಗ ಲೆಕ್ಕ ಒಪ್ಪಿಸಬೇಕೆಂದು 213ನೇ ಕಲಮು ಹೇಳುತ್ತದೆ. ನಿಮ್ಮ ವಿಷಯದಲ್ಲಿ ಮ್ಯಾನೇಜರ್ ಮುಚ್ಚಿಟ್ಟಿಲ್ಲ, ಮುಂಚೆಯೇ ಹೇಳಿದ್ದಾರೆ. ಅದು ಅವರ ಪರವಾಗಿರುವ ಸಂಗತಿ, ನಾನು ಅದನ್ನು ಗೌರವಿಸುತ್ತೇನೆ. ಆದರೆ ತಮ್ಮ ಸುಮ್ಮನೆ ತಲೆಯಾಡಿಸಿದರೆ ನಾಳೆ ಅದೇ ಒಪ್ಪಿಗೆಯಾಗುತ್ತದೆ.

ನನ್ನ ಕಚೇರಿಗೆ ಕೆಲವು ವರ್ಷಗಳ ಹಿಂದೆ ಒಬ್ಬ ಹುಡುಗ ಬಂದಿದ್ದ. ಮ್ಯಾನೇಜರ್ ನಿರ್ಮಾಪಕನಾಗಿದ್ದ ಚಿತ್ರವೊಂದು ಹಣವಿಲ್ಲದೆ ಕುಂಟುತ್ತಿತ್ತು. ಸಂಭಾವನೆ ಬಾಕಿ ಇದ್ದದ್ದು ಅವನಿಗೆ ದೊಡ್ಡ ದುಃಖವಾಗಿರಲಿಲ್ಲ. ಆ ಹದಿನಾಲ್ಕು ತಿಂಗಳಲ್ಲಿ ಮೂವರು ನಿರ್ಮಾಪಕರು ಅವನನ್ನು ಕೇಳಿ ಫೋನ್ ಮಾಡಿದ್ದರು, ಮೂವರಿಗೂ ‘ಡೇಟ್ ಇಲ್ಲ’ ಎಂಬ ಉತ್ತರ ಹೋಗಿತ್ತು. ಅವನು ಮನೆಯಲ್ಲಿ ಗಡ್ಡ ಬಿಟ್ಟುಕೊಂಡು, ಮುಂದಿನ ಷೆಡ್ಯೂಲಿಗೆ ಗಡ್ಡದ ಕಂಟಿನ್ಯುಟಿ ಕೆಡದಂತೆ ಕಾಯುತ್ತಿದ್ದ. ಆ ಗಡ್ಡವನ್ನು ನಾನು ಮರೆತಿಲ್ಲ. ಸಂಭಾವನೆ ಇಳಿದದ್ದು ಕಣ್ಣಿಗೆ ಕಾಣುತ್ತದೆ. ತಪ್ಪಿದ ಕರೆ ಕಾಣುವುದಿಲ್ಲ.

ಆದ್ದರಿಂದ ನಿಮ್ಮ ತಮ್ಮ ಮೊದಲು ಕೇಳಬೇಕಾದದ್ದು ಹಣವನ್ನಲ್ಲ. ಈ ಚಿತ್ರ ಮುಗಿಯುವವರೆಗೆ ಬರುವ ಪ್ರತಿ ಕರೆಯನ್ನೂ ಮ್ಯಾನೇಜರ್ ಎರಡು ದಿನಗಳೊಳಗೆ ವಾಟ್ಸ್ಆ್ಯಪ್‌ನಲ್ಲಿಯೋ ಇ–ಮೇಲ್‌ನಲ್ಲಿಯೋ ತಿಳಿಸಬೇಕು, ಬೇಡ ಎನ್ನುವ ಅಧಿಕಾರ ನಟನದ್ದು ಮಾತ್ರ ಎಂದು ಬರೆಸಿ. ಕಾಲ್‌ಶೀಟಿಗೆ ಕೊನೆಯ ದಿನಾಂಕವಿರಲಿ; ಅದು ದಾಟಿದರೆ ನಟ ಬೇರೆ ಚಿತ್ರ ಒಪ್ಪಬಹುದು, ಉಳಿದ ಭಾಗಕ್ಕೆ ದಿನಗಳನ್ನು ಹೊಂದಿಸಿಕೊಳ್ಳುವುದು ನಿರ್ಮಾಪಕರ ಜವಾಬ್ದಾರಿ. ಗಡ್ಡವನ್ನೂ ಸೇರಿಸಿ.

ಸಂಭಾವನೆಯ ಮಾತುಕತೆಗೆ ಈ ಒಂದು ಚಿತ್ರದ ಮಟ್ಟಿಗೆ ಬೇರೊಬ್ಬರನ್ನು ಕೂರಿಸಿ. ವಕೀಲರಾಗಬೇಕೆಂದಿಲ್ಲ, ಲೆಕ್ಕ ಬಲ್ಲ, ಮುಲಾಜಿಲ್ಲದ ಯಾರಾದರೂ ಸಾಕು, ನೀವೇ ಆದರೂ ಆದೀತು. ಎರಡನೆಯ ಚಿತ್ರದ ಸಂಭಾವನೆಯನ್ನು ಆಧಾರವಾಗಿಟ್ಟುಕೊಳ್ಳಿ. ಅದಕ್ಕಿಂತ ಎಷ್ಟು ಇಳಿಸುತ್ತಾರೋ ಅಷ್ಟನ್ನು ತಮ್ಮ ಚಿತ್ರದಲ್ಲಿ ಹೂಡಿದ ಬಂಡವಾಳವೆಂದು ಬರೆಯಲಿ, ಆ ಪ್ರಮಾಣದ ಪಾಲು ಕೊಡಲಿ. ಪಾಲು ಎಂದಾಗ ‘ನಿವ್ವಳ ಲಾಭ’ ಎಂಬ ಪದಕ್ಕೆ ಮರುಳಾಗಬೇಡಿ; ಎಲ್ಲ ಖರ್ಚು ಕಳೆದ ಮೇಲೆ ನಿವ್ವಳ ಎನ್ನುವುದು ಹೆಚ್ಚಾಗಿ ಗಾಳಿಯೇ. ಒಟಿಟಿ, ಸ್ಯಾಟಲೈಟ್, ಡಬ್ಬಿಂಗ್ ಹಕ್ಕುಗಳು ಮಾರಾಟವಾದಾಗ ಬರುವ ಹಣದಲ್ಲಿ ನೇರವಾಗಿ ಇಂತಿಷ್ಟು ಎಂದು ಕೇಳಿ. 1950ರಲ್ಲಿ ಜೇಮ್ಸ್ ಸ್ಟೀವರ್ಟ್ ಸಂಭಾವನೆ ಬಿಟ್ಟು ‘ವಿಂಚೆಸ್ಟರ್ 73’ ಚಿತ್ರದ ಲಾಭದಲ್ಲಿ ಪಾಲು ಪಡೆದು ಸಂಬಳಕ್ಕಿಂತ ಹೆಚ್ಚು ಗಳಿಸಿದ. ಆದರೆ ಅವನ ಪರವಾಗಿ ಆ ಒಪ್ಪಂದ ಕುದುರಿಸಿದ ಎಂಸಿಎಯ ಲ್ಯೂ ವಾಸರ್‌ಮನ್ ಆ ಚಿತ್ರದ ನಿರ್ಮಾಪಕನಾಗಿರಲಿಲ್ಲ.

ಕಮಿಷನ್ ವಿಷಯಕ್ಕೆ ಒಂದೇ ಸಾಲು: ‘ಮ್ಯಾನೇಜರ್ ಅಥವಾ ಅವರ ಕುಟುಂಬದವರು, ಪಾಲುದಾರರು ನಿರ್ಮಿಸುವ ಯಾವುದೇ ಚಿತ್ರದ ಸಂಭಾವನೆಗೆ ಕಮಿಷನ್ ಅನ್ವಯಿಸುವುದಿಲ್ಲ.’ ಕುಟುಂಬ ಎಂಬ ಪದವನ್ನು ಬಿಡಬೇಡಿ. ಬ್ಯಾನರ್ ಹೆಚ್ಚಾಗಿ ಹೆಂಡತಿಯ ಹೆಸರಿನಲ್ಲಿರುತ್ತದೆ.

ಮುಖ ಮುರಿಯುವ ಭಯಕ್ಕೆ ನನ್ನ ಅನುಭವದ ಮಾತು ಇಷ್ಟೇ. ಇದನ್ನು ತಮ್ಮನ ಬಾಯಿಂದ ಹೇಳಿಸಬೇಡಿ, ನೀವು ಹೇಳಿ, ಅಥವಾ ‘ವಕೀಲರು ಹೀಗೆ ಬರೆಯಿರಿ ಎಂದಿದ್ದಾರೆ’ ಎಂದು ನನ್ನಂಥವರ ತಲೆಗೆ ಕಟ್ಟಿ. ಬೈಸಿಕೊಳ್ಳುವುದಕ್ಕೂ ಸೇರಿಸಿಯೇ ನಾವು ಶುಲ್ಕ ಪಡೆಯುವುದು. ಒಳ್ಳೆಯ ಮ್ಯಾನೇಜರ್ ಮೊದಲು ಮುಖ ಸಣ್ಣದು ಮಾಡಿ, ಆಮೇಲೆ ಸಹಿ ಹಾಕುತ್ತಾರೆ.

ಅದಕ್ಕೂ ಮೊದಲು, ಇವತ್ತು ಸಂಜೆಯೇ, ನಾಲ್ಕು ವರ್ಷಗಳ ಹಿಂದೆ ಮಾಡಿಕೊಂಡ ಮ್ಯಾನೇಜರ್ ಕರಾರನ್ನು ಹುಡುಕಿ ಅವಧಿಯ ಕಲಮು ಓದಿ. ನಾನು ನೋಡಿದ ಇಂಥ ಪತ್ರಗಳಲ್ಲಿ ಎಷ್ಟೋ ಮೂರು ವರ್ಷಕ್ಕೆ ಮಾಡಿದವು. ಮುಗಿದಿರುವುದು ಇಬ್ಬರಿಗೂ ಗೊತ್ತಿರುವುದಿಲ್ಲ.